ಎದ್ದು ಕೂತು ನಗುವ ಶಾಟ್

ಮೇಲ್ತುಟಿಯ ಬಲಗಡೆ, ಮೂಗಿನ ಹೊಳ್ಳೆಗೆ ನೇರ ಕೆಳಗೆ, ಒಣಗಿದ ಅಂಟಿನ ಒಂದು ಹೊಳೆಯುವ ಚೂರು. ಉಗುರಿನಿಂದ ಕೆರೆದರೆ ಚರ್ಮವೂ ಜೊತೆಗೇ ಏಳುತ್ತಿತ್ತು. ಕೊಬ್ಬರಿ ಎಣ್ಣೆ ಹಚ್ಚಿ, ಸ್ವಲ್ಪ ಹೊತ್ತು ಬಿಟ್ಟು, ಹಳೆಯ ಬನಿಯನ್ನಿನ ತುಂಡಿನಿಂದ ಮೆಲ್ಲಗೆ ಒರೆಸಬೇಕಿತ್ತು. ಒರೆಸುವ ಕೆಲಸ ನನ್ನದು. ಆಗ ಏಳುತ್ತಿದ್ದ ವಾಸನೆಯಲ್ಲಿ ಸ್ಪಿರಿಟ್ಟಿನ ಚುರುಕು, ಅಂಟಿನ ಮಂದ ಸಿಹಿ, ಬಣ್ಣದ ಪೌಡರು, ದಿನವಿಡೀ ಬಿಸಿಲಲ್ಲಿ ಮಲಗಿದ್ದ ಮೈಯ ಬೆವರು, ಎಲ್ಲ ಸೇರಿರುತ್ತಿದ್ದವು. ಎಷ್ಟೋ ವರ್ಷಗಳ ಮೇಲೆ ಮೈಸೂರಿನ ಹಾಸ್ಟೆಲಿನಲ್ಲಿ ಒಂದು ಸಂಜೆ, ಪಕ್ಕದ ಕೋಣೆಯ ಹುಡುಗಿ ಕಾಲೇಜಿನ ನಾಟಕಕ್ಕೆಂದು ಮೀಸೆ ಅಂಟಿಸಿಕೊಳ್ಳಲು ಪುಟ್ಟ ಸೀಸೆಯೊಂದರ ಮುಚ್ಚಳ ತೆರೆದಳು. ನಾನು ಓದುತ್ತಿದ್ದ ಪುಸ್ತಕ ಮುಚ್ಚಿಟ್ಟು ಹೊರಗೆ ಹೋಗಿ ಕಾರಿಡಾರಿನಲ್ಲಿ ನಿಂತೆ. ಯಾಕೆ ಎಂದು ಅವಳು ಕೇಳಿದಳು. ತಲೆನೋವು ಎಂದೆ. ನಮ್ಮಜ್ಜ ಸಿನಿಮಾಗಳಲ್ಲಿ ಸಾಯುತ್ತಿದ್ದರು, ಅವರ ವಾಸನೆ ಇದು ಎಂದು ಅವಳಿಗೆ ಹೇಗೆ ಹೇಳುವುದು?

ನನ್ನ ತಾಯಿಯ ತಂದೆ ಅವರು. ಮನೆಯವರೆಲ್ಲ ಅಬ್ಬಾಜಿ ಎನ್ನುತ್ತಿದ್ದುದರಿಂದ ನಾನೂ ಹಾಗೇ ಕರೆಯುತ್ತಿದ್ದೆ. ಹುಟ್ಟಿದ್ದು ಗುಬ್ಬಿಯಲ್ಲಿ. ಹದಿನೇಳು ಹದಿನೆಂಟರ ವಯಸ್ಸಿನಲ್ಲಿ ನಾಟಕದ ಕಂಪನಿಯೊಂದಕ್ಕೆ ಟೈಲರಾಗಿ ಸೇರಿದರಂತೆ. ರಾಜರ ಅಂಗಿಗೆ ಜರಿ ಕೂರಿಸುವುದು, ರಾಕ್ಷಸರ ಹರಿದ ಚಲ್ಲಣಕ್ಕೆ ತೇಪೆ ಹಾಕುವುದು. ಒಂದು ಸಂಜೆ ಮುದುಕನ ಪಾತ್ರದವನಿಗೆ ಜ್ವರ ಬಂತು. ಸೈಡ್‌ವಿಂಗಿನಲ್ಲಿ ಸೂಜಿ ಹಿಡಿದು ನಿಂತೇ ಎಲ್ಲರ ಮಾತನ್ನೂ ಬಾಯಿಪಾಠ ಮಾಡಿದ್ದ ಹುಡುಗನಿಗೆ ಬಿಳಿ ಗಡ್ಡ ಅಂಟಿಸಿ ನೂಕಿದರು. ಮೂರನೆಯ ಅಂಕದಲ್ಲಿ ಮುದುಕ ಸಾಯಬೇಕಿತ್ತು. ಹುಡುಗ ಎಷ್ಟು ಚೆನ್ನಾಗಿ ಸತ್ತನೆಂದರೆ ಆಮೇಲೆ ಅವರಿಗೆ ಬೇರೆ ಪಾತ್ರ ಸಿಗಲಿಲ್ಲ. ಕಂಪನಿ ಮುಚ್ಚಿತು, ತುಮಕೂರಿಗೆ ಬಂದು ಮಂಡಿಪೇಟೆಯಲ್ಲಿ ಟೈಲರ್ ಅಂಗಡಿ ಇಟ್ಟರು, ಮದುವೆಯಾದರು. ಕಂಪನಿಯ ಹಳೆಯ ಗೆಳೆಯರು ಒಬ್ಬೊಬ್ಬರಾಗಿ ಸಿನಿಮಾಕ್ಕೆ ಹೋದವರು ಇವರನ್ನೂ ಕರೆಸಿಕೊಂಡರು. ಸಿನಿಮಾದಲ್ಲೂ ಅದೇ. ಮೊದಲ ಅರ್ಧ ಗಂಟೆಯೊಳಗೆ ಸಾಯುವ ಅಪ್ಪ. ಮಗ ದೊಡ್ಡವನಾಗಿ ಸೇಡು ತೀರಿಸಿಕೊಳ್ಳಲು ಕಾರಣವಾಗುವ ಅಪ್ಪ. ಗೌಡರ ಚಾವಟಿಗೆ ಬಿದ್ದ ಜೀತಗಾರ. ಮಗಳ ಮದುವೆಯ ದಿನ ಎದೆ ಹಿಡಿದುಕೊಂಡು ಕುಸಿಯುವ ಮೇಷ್ಟ್ರು. ಹೆಸರು ಪರದೆಯ ಮೇಲೆ ಬಂದದ್ದು ಕೆಲವು ಸಲ. ಉಳಿದಂತೆ 'ಮತ್ತು ಇತರರು' ಎಂಬ ಎರಡು ಪದಗಳ ಒಳಗೆ ಎಲ್ಲೋ ಇದ್ದರು.

ಅವರು ಹೆಣವಾಗುವುದರಲ್ಲಿ ಎಷ್ಟು ಅಚ್ಚುಕಟ್ಟು ಎಂದರೆ, ಶೂಟಿಂಗಿಗೆ ಕಾಲ್ ಬಂದ ದಿನವೇ ಒಂದೇ ಬಟ್ಟೆಯಲ್ಲಿ ಎರಡು ಅಂಗಿ ಹೊಲಿಯುತ್ತಿದ್ದರು. ಒಂದು ಬದುಕಿರುವವನ ಅಂಗಿ. ಇನ್ನೊಂದನ್ನು ಎದೆಯ ಬಳಿ ಹರಿದು, ಕಾಲರು ಮಾಸುವಂತೆ ಮಣ್ಣಲ್ಲಿ ಉಜ್ಜಿ, ರಕ್ತದ ಬಣ್ಣ ಎಲ್ಲಿಗೆ ಬೀಳಬೇಕೋ ಅಲ್ಲಿ ಸೀಮೆಸುಣ್ಣದಿಂದ ಗುರುತು ಮಾಡಿ ಮಡಚಿಡುತ್ತಿದ್ದರು. ಸಿನಿಮಾದವರಿಗೆ ಇದರಿಂದ ಒಂದು ಕೆಲಸ ಉಳಿಯುತ್ತಿತ್ತು. ಪಕ್ಕದ ಎಸ್‌ಟಿಡಿ ಬೂತಿಗೆ ಫೋನ್ ಮಾಡಿ ಸಿನಿಮಾದ ಮ್ಯಾನೇಜರು ಮಂಜಣ್ಣ ಹೇಳುತ್ತಿದ್ದುದು ಇಷ್ಟೇ: "ಬಾಷಾ ಸಾಬ್ರಿಗೆ ಹೇಳಿ, ಬುಧವಾರ ಬದುಕಿರೋದು, ಗುರುವಾರ ಸಾಯೋದು." ಬೂತಿನವನು ಅಲ್ಲಿಂದಲೇ ಬೀದಿಗೆ ಕೇಳುವಂತೆ ಕೂಗುತ್ತಿದ್ದ. ಅಂಗಡಿಯ ಮುಂದೆ ಕೂತ ಗಿರಾಕಿಗಳಿಗೆ ಅದೊಂದು ಹಬ್ಬ. ನಿಟ್ಟೂರಿನ ಕಡೆಯ ತೆಂಗಿನಕಾಯಿ ವ್ಯಾಪಾರಿಯೊಬ್ಬರು ಒಮ್ಮೆ ಹೇಳಿದ್ದು ನನಗೆ ಹಾಗೇ ನೆನಪಿದೆ: "ಏನ್ ಪುಣ್ಯ ಮಾಡಿದ್ರೋ ಸಾಬ್ರೇ, ನೀವು ಸತ್ತಾಗೆಲ್ಲ ನಮ್ಮೂರ್ ಹೆಂಗಸ್ರೆಲ್ಲ ಗೋಳೋ ಅಂತಾರೆ. ನಾನ್ ಸತ್ರೆ ಮನೆಯೋಳೂ ಅಳಾಕಿಲ್ಲ." ಅಬ್ಬಾಜಿ ಹಲ್ಲಿನ ನಡುವಿನ ದಾರ ಕಚ್ಚಿ ತುಂಡು ಮಾಡಿ, "ಅಳೋ ಹಂಗೆ ಸಾಯೋದು ಕಲೀಬೇಕಪ್ಪ. ಕೂತ್ಕೋ, ಹೇಳ್ಕೊಡ್ತೀನಿ" ಎಂದರು. ಶಾಲೆಯಲ್ಲಿ ನನ್ನ ಪಕ್ಕ ಕೂರುತ್ತಿದ್ದ ಸುಮಾ ಸೋಮವಾರಗಳಲ್ಲಿ ಕಣ್ಣರಳಿಸಿ ಬರುತ್ತಿದ್ದಳು. "ಏಯ್, ನಿನ್ನೆ ಟಿವೀಲಿ ನಿಮ್ ತಾತ ಸತ್ತೋದ್ರಲ್ಲೇ! ನಮ್ಮಜ್ಜಿ ಊಟಾನೇ ಮಾಡ್ಲಿಲ್ಲ." ನಾನು ಹೇಳುತ್ತಿದ್ದೆ: "ಇವತ್ತು ಅಂಗಡೀಲಿ ಇದಾರೆ ಕಣೇ. ನಿಮ್ಮಣ್ಣನ ಚಡ್ಡಿ ಅಳತೆ ಕೊಟ್ಟು ಬಾ." ನನ್ನ ತಂದೆ ನಾನು ಕೈಗೂಸಾಗಿದ್ದಾಗಲೇ ತೀರಿಕೊಂಡಿದ್ದರು, ಅವರ ಮುಖ ನನಗೆ ನೆನಪಿಲ್ಲ. ಅಪ್ಪಂದಿರು ಸಾಯುವುದು ಹೇಗೆ ಎಂಬುದನ್ನು ನಾನು ಭಾನುವಾರ ಸಂಜೆ ನಾಲ್ಕು ಗಂಟೆಯ ಸಿನಿಮಾಗಳಲ್ಲಿ ನೋಡಿ ತಿಳಿದುಕೊಂಡೆ. ಪ್ರತಿ ಸಲವೂ ಸತ್ತ ಅಪ್ಪ ನನ್ನ ಪಕ್ಕದಲ್ಲೇ ಕೂತು ಕಡಲೆಕಾಯಿ ಬಿಡಿಸುತ್ತಿದ್ದರು.

"ಸಾಯೋನಿಗೆ ನೋವಿನ ಮೇಲೆ ಗ್ಯಾನ ಇರಲ್ಲ ಬೇಟಾ" ಎಂದು ಅವರು ನನಗೆ ಪಾಠ ಮಾಡುತ್ತಿದ್ದರು. "ಯಾರಾದ್ರೂ ಬಂದ್ರಾ, ಬಂದ್ರಾ ಅಂತ ಇರ್ತದೆ. ಅದಕ್ಕೆ ನಾನು ಬಾಗಿಲು ನೋಡ್ತೀನಿ. ಹೊಸಬ್ರು ಕ್ಯಾಮೆರಾ ನೋಡ್ತಾರೆ, ಅಲ್ಲೇ ಕೆಡೋದು." ಹೊಟ್ಟೆ ಅಲುಗದಂತೆ ಬೆನ್ನಿನ ಕಡೆಯಿಂದ ಉಸಿರಾಡುವುದು, ರೆಪ್ಪೆ ಮಿಟುಕಿಸದೆ ನೊಣವನ್ನು ಮುಖದ ಮೇಲೆ ನಡೆಯಲು ಬಿಡುವುದು, ಎಲ್ಲವನ್ನೂ ಮನೆಯ ನಡುಮನೆಯಲ್ಲಿ ಚಾಪೆ ಹಾಸಿ ತೋರಿಸುತ್ತಿದ್ದರು. ನಾನಿ, ಅಂದರೆ ನನ್ನ ಅಜ್ಜಿ, ಪೊರಕೆ ಹಿಡಿದು ಬಂದು ಎಬ್ಬಿಸುತ್ತಿದ್ದರು. ನಾನಿ ಹಾಗಲವಾಡಿ ಕಡೆಯವರು. ನಮ್ಮ ಮನೆಮಾತು ಉರ್ದುವಾದರೂ ಅವರಿಗೆ ಸಿಟ್ಟಾಗಲಿ ದುಃಖವಾಗಲಿ ಬಂದರೆ ಬಾಯಿಗೆ ಬರುತ್ತಿದ್ದುದು ಅವರ ಊರಿನ ಕನ್ನಡವೇ. "ಮನ್ಸರು ಮಲಗೋ ಜಾಗದಾಗೆ ಹೆಣ ಮಲಗುಸ್ತೀರಾ? ಏಳ್ರಿ ಮ್ಯಾಕೆ."

ನಾನು ಹೇಳಬೇಕಾಗಿರುವ ಸಂಗತಿಗೆ ಸಿನಿಮಾದವರ ಒಂದು ಪದ್ಧತಿ ನಿಮಗೆ ತಿಳಿದಿರಬೇಕು. ಜೀವ ಇರುವವರು ಹೆಣವಾಗಿ ಮಲಗಿದ ಶಾಟ್ ಮುಗಿದ ಕೂಡಲೇ, ಅದೇ ಜಾಗದಲ್ಲಿ, ಅದೇ ವೇಷದಲ್ಲಿ ಎದ್ದು ಕೂತು, ಕ್ಯಾಮೆರಾವನ್ನು ನೇರವಾಗಿ ನೋಡಿ ನಗಬೇಕು. ಆ ನಗುವನ್ನು ಕ್ಯಾಮೆರಾ ಫಿಲ್ಮಿನ ಮೇಲೆ ಹಿಡಿಯಬೇಕು. ಫಿಲ್ಮಿನಲ್ಲಿ ಕೊನೆಗೆ ಉಳಿಯುವುದು ಸಾವಲ್ಲ, ನಗು ಎಂದು ಅದರ ಅರ್ಥ. ಇಲ್ಲವಾದರೆ ನಟಿಸಿದ ಸಾವು ಮನೆಯವರೆಗೂ ಹಿಂದೆಯೇ ಬರುತ್ತದೆ ಎಂಬ ಭಯ. ಐದು ಹೊತ್ತಿನ ನಮಾಜಿನ ಅಬ್ಬಾಜಿ ಇಂಥದ್ದನ್ನು ನಂಬಬಾರದಿತ್ತು. ಮೊಹಲ್ಲಾದ ಹಿರಿಯರು ಚಟ್ಟದ ಮೇಲೆ ಮಲಗುವುದನ್ನೇ ಒಪ್ಪುತ್ತಿರಲಿಲ್ಲ, ಇನ್ನು ನಗುವಿನ ಮಾತೆಲ್ಲಿ? ಆದರೆ ಅವರು ನಂಬುತ್ತಿದ್ದರು. ನಗುವಿನ ಶಾಟ್‌ಗೆ ಕ್ಯಾಮೆರಾ ಶುರುವಾಗುವ ತನಕ ಚಟ್ಟದಿಂದ ಏಳುತ್ತಿರಲಿಲ್ಲ. ನಾನಿ ಅವರಿಗಿಂತ ಹೆಚ್ಚು ನಂಬುತ್ತಿದ್ದರು. ಹೆಣದ ಶಾಟ್ ಇದ್ದ ದಿನ ಹಿತ್ತಲಲ್ಲಿ ಒಂದು ಹಂಡೆ ನೀರು ಕಾದಿರುತ್ತಿತ್ತು. ಅಬ್ಬಾಜಿ ಹಿಂಬಾಗಿಲಿನಿಂದಲೇ ಬರಬೇಕು. ನಾನಿಯ ಮೊದಲ ಪ್ರಶ್ನೆ "ನಗು ಆಯ್ತಾ?" ಆಯ್ತು ಎಂದ ಮೇಲೆ ಚೊಂಬು ಕೈಗೆ. ಸ್ನಾನವಾದ ಮೇಲೆ ಒಳಗೆ, ಆಮೇಲೆ ನನ್ನ ಕೊಬ್ಬರಿ ಎಣ್ಣೆ.

ಆ ನಗುವಿನ ತುಂಡುಗಳು ಏನಾಗುತ್ತಿದ್ದವು ಎಂದು ಒಮ್ಮೆ ಕೇಳಿದ್ದೆ. ಎಡಿಟಿಂಗ್ ಮಾಡುವವರು ಕತ್ತರಿಸಿ ಬುಟ್ಟಿಗೆ ಹಾಕುತ್ತಾರೆ ಎಂದರು. ಕಥೆಗೆ ಅದು ಬೇಡ. ಹೀಗಾಗಿ, ಆ ಇಪ್ಪತ್ತು ಇಪ್ಪತ್ತೈದು ವರ್ಷಗಳ ಸಿನಿಮಾಗಳಲ್ಲಿ ಎಲ್ಲಿ ಹುಡುಕಿದರೂ ಅಬ್ಬಾಜಿ ನಗುವುದಿಲ್ಲ. ಕೈಮುಗಿಯುತ್ತಾರೆ, ಅಂಗಲಾಚುತ್ತಾರೆ, ಕೆಮ್ಮುತ್ತಾರೆ, ಬಾಗಿಲ ಕಡೆ ನೋಡುತ್ತಾರೆ. ಫೋಟೊಗಳಲ್ಲೂ ಗಂಭೀರವಾಗಿಯೇ ಇದ್ದಾರೆ, ಆ ಕಾಲದವರು ಫೋಟೊಕ್ಕೆ ನಗುತ್ತಿರಲಿಲ್ಲವಲ್ಲ. ನಿಮ್ಮ ಮನೆಯಲ್ಲೂ ಅಂಥ ಒಂದು ಮುಖ ಇದ್ದೀತು. ದಿನವೂ ನಗುತ್ತಿದ್ದದ್ದು, ಗೋಡೆಯ ಮೇಲೆ ಮಾತ್ರ ನಗದೆ ಉಳಿದದ್ದು.

ಈಗ ಆ ಮನೆ ಇಲ್ಲ. ಹಂಡೆ ಇದ್ದ ಹಿತ್ತಲು ಸೇರಿಸಿಕೊಂಡು ಯಾರೋ ಗೋದಾಮು ಕಟ್ಟಿದ್ದಾರೆ. ಅಬ್ಬಾಜಿ ಇಲ್ಲ, ನಾನಿಯೂ ಇಲ್ಲ. ಆ ಗುರುವಾರ ಏನಾಯಿತು ಎಂದು ಪೂರ್ತಿ ತಿಳಿದವಳು ನಾನೊಬ್ಬಳೇ ಉಳಿದಿದ್ದೇನೆ. ಅದಕ್ಕೇ ಬರೆಯುತ್ತಿದ್ದೇನೆ.

ತೊಂಬತ್ತರ ದಶಕ ಮುಗಿಯುವ ಹೊತ್ತಿಗೆ ಅಬ್ಬಾಜಿಗೆ ಕಾಲ್ ಬರುವುದು ಹೆಚ್ಚುಕಡಿಮೆ ನಿಂತಿತ್ತು. ಸಿನಿಮಾದ ಅಪ್ಪಂದಿರು ಕೋಟು ಹಾಕಿಕೊಂಡು ಸೋಫಾದ ಮೇಲೆ ಕೂರತೊಡಗಿದ್ದರು. ಒಂದು ವರ್ಷ ಪೂರ್ತಿ ಬೂತಿನಿಂದ ಕೂಗು ಬರಲಿಲ್ಲ. ಅಬ್ಬಾಜಿ ಗಿರಾಕಿಗಳ ಮುಂದೆ "ಬದುಕಿ ಬೇಜಾರಾಗಿದೆ" ಎಂದು ತಮಾಷೆ ಮಾಡುತ್ತಿದ್ದರು, ಫೋನ್ ರಿಂಗಾದಾಗಲೆಲ್ಲ ಮಿಷನ್ನಿನ ಪೆಡಲು ನಿಲ್ಲಿಸುತ್ತಿದ್ದರು. ನನಗೆ ಹನ್ನೊಂದು ವರ್ಷ. ದಸರಾ ರಜೆಯಲ್ಲಿ ಮಂಜಣ್ಣನ ಫೋನ್ ಬಂತು. ಹೊಸ ನಿರ್ದೇಶಕ, ಹಳ್ಳಿಯ ಕಥೆ, ಕುಣಿಗಲ್ ಕೆರೆ ಏರಿಯ ಮೇಲೆ ಶೂಟಿಂಗ್. ಒಂದೇ ದಿನ, ಬರೀ ಸಾಯುವುದು. ಆದರೂ ಅಬ್ಬಾಜಿ ಎರಡು ಅಂಗಿ ಹೊಲಿದರು.

ಹೊರಡುವ ದಿನ, ಗುರುವಾರ ಬೆಳಗ್ಗೆ, ನಾನಿಗೂ ಅವರಿಗೂ ಜಗಳವಾಯಿತು. ನಾನಿಗೆ ಬೇಕಿದ್ದುದು ಇಷ್ಟೇ: ವಯಸ್ಸಾಯಿತು, ಇನ್ನು ಚಟ್ಟದ ಪಾತ್ರ ಸಾಕು. ಆಟದ ವಯಸ್ಸಿನಲ್ಲಿ ಆಡಿದ್ದು ಆಯಿತು, ನಿಜವಾಗಿ ಹೋಗುವ ವಯಸ್ಸಿನಲ್ಲಿ ಆಡಬಾರದು. ಅಬ್ಬಾಜಿ ಅಂಗಿ ಮಡಚುತ್ತ, "ಒಂದ್ ವರ್ಷ ಆಯ್ತು ಕಣೇ ಕರೆದು. ಇದಕ್ಕೂ ಒಲ್ಲೆ ಅಂದ್ರೆ ಇನ್ಯಾವತ್ತೂ ಕರೆಯಲ್ಲ" ಎಂದರು. ನಾನಿಯ ಕೈಯಲ್ಲಿ ರೊಟ್ಟಿ ಕಟ್ಟಿದ ಬಟ್ಟೆಯ ಗಂಟು ಇತ್ತು. ಅದನ್ನು ಕಟ್ಟೆಯ ಮೇಲೆ ಕುಕ್ಕಿದರು. "ಹೋಗಿ, ಮಲಿಕ್ಕಳಿ ಚಟ್ಟದ್ ಮ್ಯಾಲೆ. ಒಂದಿನ ಏಳ್ದಂಗೆ ಅಲ್ಲೇ ಮಲಗ್ಬುಡ್ತೀರಾ!"

ಅಬ್ಬಾಜಿ ನಕ್ಕರು. ನಾನಿ ನಗಲಿಲ್ಲ. ಬಾಯಿಂದ ಹೊರಟ ಮಾತನ್ನು ಕಂಡವರಂತೆ ಒಂದು ಗಳಿಗೆ ಅಲ್ಲೇ ನಿಂತರು. ಆಮೇಲೆ ನನ್ನನ್ನು ಅಡುಗೆಮನೆಗೆ ಕರೆದು ತಲೆ ಬಾಚತೊಡಗಿದರು. ಜಡೆಯನ್ನು ಎಂದಿಗಿಂತ ಬಿಗಿಯಾಗಿ ಎಳೆದರು. "ನೀನೂ ಹೋಗು. ರಜ ಐತಲ್ಲ. ಅವ್ರು ಎದ್ದು ನಗೋದ್ನ ತೆಗೀತಾರೋ ಇಲ್ವೋ ಕಣ್ಣಾರೆ ನೋಡ್ಕಂಡ್ ಬರ್ಬೇಕು. ಬಂದು ನನ್ ಮುಂದೆ ಹೇಳ್ಬೇಕು. ತಿಳೀತಾ?" ತಿಳಿಯಿತು ಎಂದೆ. ನನಗೆ ಆ ಮೊದಲು ಯಾರೂ ಅಷ್ಟು ದೊಡ್ಡ ಕೆಲಸ ಒಪ್ಪಿಸಿರಲಿಲ್ಲ.

ಹೆಬ್ಬೂರಿನ ಮೇಲೆ ಹೋಗುವ ಬಸ್ಸಿನಲ್ಲಿ ಅಬ್ಬಾಜಿ ಕಿಟಕಿಯ ಪಕ್ಕ ನನ್ನನ್ನು ಕೂರಿಸಿದರು. ಕುಣಿಗಲ್ ಕೆರೆ ಆ ವರ್ಷ ತುಂಬಿತ್ತು. ಏರಿಯ ಮೇಲೆ ಒಂದು ವ್ಯಾನು, ಥರ್ಮಾಕೋಲಿನ ಹಲಗೆಗಳು, ಅಳಲು ಬಂದ ಹೆಂಗಸರ ಒಂದು ಗುಂಪು. ಬೆಳಗಿನಿಂದ ಎಲ್ಲರೂ ಹೀರೋಗಾಗಿ ಕಾದರು. ಅಬ್ಬಾಜಿಯ ಮೂಗಿಗೆ ಹತ್ತಿ ಇಟ್ಟು, ಹಣೆಗೆ ಒಂದು ನಾಣ್ಯ ಅಂಟಿಸಿ, ಕಾಲಿನ ಹೆಬ್ಬೆರಳುಗಳನ್ನು ದಾರದಿಂದ ಕಟ್ಟಿ ಮಲಗಿಸಿದ್ದರು. ಮಂಜಣ್ಣ ಆಗಾಗ ಬಂದು, "ಎದ್ದು ಒಂಚೂರು ಟೀ ಕುಡೀರಿ ಸಾಬ್ರೇ" ಎನ್ನುತ್ತಿದ್ದ. "ಬೇಡಪ್ಪ. ಕಟ್ಟಿದ್ದು ಬಿಚ್ಚಿ ಕಟ್ಟಿ ಯಾಕೆ ತೊಂದ್ರೆ" ಎನ್ನುತ್ತಿದ್ದರು, ತುಟಿ ಅಲುಗಿಸದೆ. ನಾನು ಪಕ್ಕದಲ್ಲಿ ಕೂತು ಮುಖಕ್ಕೆ ಬಿಸಿಲು ಬೀಳದಂತೆ ರೊಟ್ಟಿಯ ಬಟ್ಟೆಯನ್ನು ಹಿಡಿದಿದ್ದೆ. ಹೀರೋ ಬಂದಾಗ ಬಿಸಿಲು ಹಳದಿಯಾಗಿತ್ತು. ಅವನಿಗೆ ಸಂಜೆ ಬೆಂಗಳೂರಿನಲ್ಲಿ ಬೇರೆ ಕೆಲಸವಿತ್ತಂತೆ. ಅಳುವ ಶಾಟ್, ಶಪಥದ ಶಾಟ್, ಏರಿಯ ಉದ್ದಕ್ಕೂ ಚಟ್ಟ ಹೊತ್ತು ನಡೆಯುವ ಶಾಟ್. ಹೊತ್ತವರು ಎರಡು ಸಲ ಎಡವಿದರು. ಮೂರನೆಯ ಸಲಕ್ಕೆ ಸರಿಯಾಯಿತು. ನಿರ್ದೇಶಕ "ಪ್ಯಾಕಪ್" ಎಂದು ಕೂಗಿದ. ಎಲ್ಲರೂ ಒಮ್ಮೆಗೇ ಮಾತಾಡತೊಡಗಿದರು, ಹೀರೋನ ಕಾರು ಹೊರಟಿತು.

ಅಬ್ಬಾಜಿ ಎದ್ದಿರಲಿಲ್ಲ. ಚಟ್ಟವನ್ನು ಏರಿಯ ಕಲ್ಲಿನ ಮೇಲೆ ಇಳಿಸಿ ಹೊತ್ತವರು ಹೋಗಿದ್ದರು. ಕಣ್ಣು ಮುಚ್ಚಿಕೊಂಡು, ಹೊಟ್ಟೆ ಅಲುಗಿಸದೆ, ಅವರು ನಗುವಿನ ಶಾಟ್‌ಗಾಗಿ ಕಾಯುತ್ತಿದ್ದರು. ಸುತ್ತ ಹಗ್ಗ ಸುತ್ತುತ್ತಿದ್ದರು, ಪೆಟ್ಟಿಗೆ ಮುಚ್ಚುತ್ತಿದ್ದರು. ಯಾರೋ ಒಬ್ಬ ಅವರ ಎದೆಯ ಮೇಲಿದ್ದ ಹೂವಿನ ಹಾರವನ್ನೂ ತೆಗೆದುಕೊಂಡು ಹೋದ. ನನಗೆ ಭಯವಾಯಿತು. ಓಡಿ ಹೋಗಿ ಮಂಜಣ್ಣನ ಅಂಗಿ ಹಿಡಿದೆ.

"ಅಬ್ಬಾಜಿ ಇನ್ನೂ ನಗ್ಬೇಕು."

"ಅಯ್ಯಯ್ಯೋ, ಹೌದಲ್ಲ" ಎಂದ ಮಂಜಣ್ಣ, ಕ್ಯಾಮೆರಾದವನ ಬಳಿ ಹೋದ. ನಾನೂ ಹಿಂದೆ ಹೋದೆ. ಅವರು ನನ್ನನ್ನು ನೋಡಲಿಲ್ಲ.

"ಎಲ್ಲಿಂದ ತೆಗೀಲಪ್ಪ? ಫಿಲ್ಮ್ ನೆಗೆಟಿವ್ ಖಾಲಿ. ಲಾಸ್ಟ್ ಟೇಕ್‌ಗೇ ಮುಗೀತು."

"ಸುಮ್ನೆ ಓಡ್ಸೋ ಮಾರಾಯ. ಸದ್ದು ಬಂದ್ರೆ ಸಾಕು. ಮುದ್ಕ ಏಳಲ್ಲ ಇಲ್ದಿದ್ರೆ. ನಾವೇ ಮಣ್ ಮಾಡಿ ಹೋಗ್ಬೇಕಾಗ್ತದೆ."

ಇಬ್ಬರೂ ನಕ್ಕರು. ಆಗ ಮಂಜಣ್ಣ ತಿರುಗಿ ನನ್ನನ್ನು ಕಂಡ. ಅವನು ಕೆಟ್ಟವನಲ್ಲ, ಮುಖ ಸಪ್ಪಗಾಯಿತು. ಬಗ್ಗಿ ನನ್ನ ತಲೆಯ ಮೇಲೆ ಕೈಯಿಟ್ಟು, "ತಾತಂಗೆ ಹೇಳ್ಬೇಡ ಕಣಮ್ಮ. ಪಾಪ, ಬೆಳಿಗ್ಗೆಯಿಂದ ಮಲಗವ್ರೆ. ಮನಸ್ಸಿಗೆ ಹಚ್ಕೋತಾರೆ" ಎಂದ. ಕ್ಯಾಮೆರಾವನ್ನು ಮತ್ತೆ ಕಾಲುಗಳ ಮೇಲೆ ನಿಲ್ಲಿಸಿದರು. ಗಿರಗಿರ ಸದ್ದು ಶುರುವಾಯಿತು. ಅಬ್ಬಾಜಿ ಎದ್ದು ಕೂತರು, ಹಣೆಯ ಮೇಲೆ ನಾಣ್ಯ, ಮೂಗಿನಲ್ಲಿ ಹತ್ತಿ, ಹೆಬ್ಬೆರಳುಗಳಲ್ಲಿ ದಾರ. ಖಾಲಿ ಕ್ಯಾಮೆರಾವನ್ನು ನೇರವಾಗಿ ನೋಡಿ ನಕ್ಕರು. ಒಂದು ವರ್ಷ ಕಾದಿದ್ದ ನಗು ಅದು. ಕೆಳಗಿನ ಸಾಲಿನಲ್ಲಿ ಬಿದ್ದಿದ್ದ ಎರಡು ಹಲ್ಲುಗಳ ಜಾಗ ಕಾಣುವಷ್ಟು, ಭುಜ ಕುಣಿಯುವಷ್ಟು ನಕ್ಕರು. ಅಳಲು ಬಂದಿದ್ದ ಹೆಂಗಸರೂ ನಕ್ಕರು. ನಾನು ಮಾತ್ರ ಕ್ಯಾಮೆರಾವನ್ನು ನೋಡುತ್ತಿದ್ದೆ.

ಮನೆಗೆ ಬಂದಾಗ ನಾನಿ ಹಿತ್ತಲ ಬಾಗಿಲಲ್ಲಿ ಚೊಂಬು ಹಿಡಿದು ನಿಂತಿದ್ದರು. ಈ ಸಲ ಅಬ್ಬಾಜಿಯನ್ನು ಕೇಳಲಿಲ್ಲ. ನನ್ನನ್ನು ಕೇಳಿದರು. "ತೆಗೆದ್ರಾ?"

ಅಬ್ಬಾಜಿಯ ಕೈ ನನ್ನ ಹೆಗಲ ಮೇಲಿತ್ತು. ಕ್ಯಾಮೆರಾ ಓಡಿತು ಎಂದಿದ್ದರೆ ಸುಳ್ಳಾಗುತ್ತಿರಲಿಲ್ಲ. ನಾನು ಹಾಗೆ ಹೇಳಲಿಲ್ಲ. "ತೆಗೆದ್ರು ನಾನಿ" ಎಂದೆ. ನಾನಿ ಕಣ್ಣು ಮುಚ್ಚಿ ಏನೋ ಪಠಿಸಿ ಚೊಂಬನ್ನು ಅವರ ಕೈಗೆ ಕೊಟ್ಟರು.

ಮುಂದಿನ ಮಳೆಗಾಲಕ್ಕೆ ಮೊದಲೇ ಅಬ್ಬಾಜಿ ಹೋದರು. ಒಂದು ಮಧ್ಯಾಹ್ನ, ಯಾರದೋ ಪೈಜಾಮದ ಲಾಡಿಪಟ್ಟಿ ಹೊಲಿಯುತ್ತಿದ್ದವರು ಮಿಷನ್ನಿನ ಮೇಲೆಯೇ ಒರಗಿದರು. ಗಿರಾಕಿಗಳು ಮೊದಲು ನಂಬಲಿಲ್ಲವಂತೆ. ಒಬ್ಬ ಚಪ್ಪಾಳೆಯನ್ನೂ ತಟ್ಟಿದನಂತೆ. ಅವರೆಲ್ಲ ಎಷ್ಟು ಹೊತ್ತು ಹಾಗೆ ನಗುತ್ತ ಕಾದರೋ, ಅದನ್ನು ಯಾರೂ ನಮಗೆ ಸರಿಯಾಗಿ ಹೇಳಲಿಲ್ಲ. ಅಬ್ಬಾಜಿ ಆಸ್ಪತ್ರೆಯಲ್ಲಿ ಮೂರು ದಿನ ಇದ್ದರು. ಬಿ.ಪಿ. ಏರಿ ತಲೆಯಲ್ಲಿ ರಕ್ತ ಸೋರಿದೆ, ಮಾತ್ರೆ ಬಿಟ್ಟಿದ್ದಾರೆ ಎಂದು ಡಾಕ್ಟರು ಅಮ್ಮಿಗೆ, ಅಂದರೆ ನನ್ನ ತಾಯಿಗೆ, ಹೇಳಿದರು. ಸತ್ಯಮಂಗಲದ ಕಡೆ ಒಂದು ಸಣ್ಣ ಕಾರ್ಖಾನೆಯಲ್ಲಿ ಪ್ಯಾಕಿಂಗ್ ಕೆಲಸ ಮಾಡುತ್ತಿದ್ದ ಅಮ್ಮಿ ಕೆಲಸದ ಕೋಟು ಬಿಚ್ಚದೆ ಮೂರು ದಿನವೂ ಮಂಚದ ಪಕ್ಕ ನಿಂತರು. ನಾನು ಅಬ್ಬಾಜಿಯ ಕಣ್ಣುಗಳನ್ನು ನೋಡುತ್ತಿದ್ದೆ. ಬಾಗಿಲು ಎಡಗಡೆ ಇತ್ತು. ಅವರು ಬಾಗಿಲನ್ನು ನೋಡಲಿಲ್ಲ. ಯಾವುದನ್ನೂ ನೋಡಲಿಲ್ಲ. ಇಷ್ಟು ವರ್ಷ ಅವರು ಮಾಡಿ ತೋರಿಸಿದ್ದಕ್ಕೂ ಇದಕ್ಕೂ ಒಂದಿಷ್ಟೂ ಹೋಲಿಕೆ ಇರಲಿಲ್ಲ. ಬಾಯಿ ಒಂದು ಕಡೆ ಜೋತಿತ್ತು. ಉಸಿರಾಟ ಹೊಟ್ಟೆಯಿಂದಲೇ, ದೊಡ್ಡದಾಗಿ, ಎಲ್ಲರಿಗೂ ಕಾಣುವಂತೆ ನಡೆಯುತ್ತಿತ್ತು, ಆಮೇಲೆ ನಿಂತಿತು.

ಆ ಸಿನಿಮಾ ಅದರ ಮರುವರ್ಷ ಗುಬ್ಬಿಯ ಥಿಯೇಟರಿಗೆ ಬಂತು. ಅಮ್ಮಿ ನನ್ನನ್ನು ಕರೆದುಕೊಂಡು ಹೋದರು. ನಾನಿ ಬರಲಿಲ್ಲ. ಮುಂದಿನ ಬೆಂಚಿನವರು ಮಾತಾಡುತ್ತಲೇ ಇದ್ದರು. ಏರಿಯ ಮೇಲೆ ಚಟ್ಟ ಸಾಗಿತು, ನೀರಿನಲ್ಲಿ ಅದರ ನೆರಳೂ ಸಾಗಿತು, ಅಬ್ಬಾಜಿಯ ಮುಖ ಒಂದು ಗಳಿಗೆ ತೆರೆಯ ತುಂಬ ಬಂತು. ತಟ್ಟನೆ ಹೀರೋನ ಕಣ್ಣು. ಬೇರೆ ಸಿನಿಮಾಗಳಲ್ಲಿ, ಹೀಗೆ ಕತ್ತರಿಸಿದ ಜಾಗದ ಆಚೆ, ಕಾಣದಿದ್ದರೂ ಒಂದು ನಗು ಇತ್ತು ಎಂದು ನನಗೆ ಗೊತ್ತಿರುತ್ತಿತ್ತು. ಇಲ್ಲಿ ಆಚೆಗೂ ಏನೂ ಇರಲಿಲ್ಲ. ಅಮ್ಮಿ ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡು ಅಳುತ್ತಿದ್ದರು. ಅವರಿಗೂ ನಾನು ಹೇಳಲಿಲ್ಲ.

ಆಮೇಲೆ ನಾನು ಓದಿದೆ. ತುಮಕೂರಿನಲ್ಲಿ ಬಿ.ಎ., ಮೈಸೂರಿನಲ್ಲಿ ಎಂ.ಎ. ಸಾವಿಗೂ ಫಿಲ್ಮಿಗೂ ಸಂಬಂಧವಿಲ್ಲ ಎಂದು ತಿಳಿಯಲು ಅಷ್ಟೆಲ್ಲ ಓದಬೇಕಿರಲಿಲ್ಲ. ಹೇಳದೆ ಇದ್ದದ್ದು ಒಳ್ಳೆಯದೇ ಆಯಿತು ಎಂದೇ ಅಂದುಕೊಂಡಿದ್ದೆ; ನಗು ತೆಗೆದಿದ್ದರು ಎಂಬ ಒಂದು ಸಮಾಧಾನವಾದರೂ ನಾನಿಗೆ ಇರಲಿ ಎಂದು. ನಾನಿ ಅಷ್ಟರಲ್ಲಿ ತೀರಾ ಕಡಿಮೆ ಮಾತಿನವರಾಗಿದ್ದರು. ಪೊರಕೆ ಹಿಡಿದು ಗದರುತ್ತಿದ್ದ ಹೆಂಗಸು ಹೌದು, ಇಲ್ಲಗಳಿಗೆ ಇಳಿದಿದ್ದರು. ಪ್ರತಿ ಗುರುವಾರ ರೋಜಾ, ಅಂದರೆ ಹಗಲಿಡೀ ಅನ್ನ ನೀರಿಲ್ಲದ ಉಪವಾಸ, ಇರುತ್ತಿದ್ದರು. ವಯಸ್ಸಾದವರ ಭಕ್ತಿ ಎಂದು ನಾವು ಸುಮ್ಮನಿದ್ದೆವು. ಸಕ್ಕರೆ ಕಾಯಿಲೆ ಬಂದ ಮೇಲೆ ಅಮ್ಮಿ ಬೇಡವೆಂದು ಎಷ್ಟು ಕೇಳಿಕೊಂಡರೂ ಬಿಡಲಿಲ್ಲ. ನಾನು ರಜೆಗೆ ಬಂದಾಗ ಸಹ್ರಿಗೆ, ಅಂದರೆ ಬೆಳಗಿನ ಅಜಾನ್‌ಗೆ ಮೊದಲು ತಿನ್ನುವ ಊಟಕ್ಕೆ, ರೊಟ್ಟಿ ಬಿಸಿ ಮಾಡಿಕೊಡುತ್ತಿದ್ದೆ.

ಅವರೆಕಾಯಿಯ ಕಾಲ. ಒಂದು ಬುಧವಾರ ಸಂಜೆ, ನಾನಿಯೂ ನಾನೂ ನೆನೆಸಿದ ಕಾಳು ಹಿತುಕುತ್ತ ಕೂತಿದ್ದೆವು. ಅಮ್ಮಿ ಕೆಲಸದಿಂದ ಇನ್ನೂ ಬಂದಿರಲಿಲ್ಲ. ಟಿವಿಯಲ್ಲಿ ಯಾವುದೋ ಹಳೆಯ ಸಿನಿಮಾ. ನಾನು ತಲೆಯೆತ್ತಿದಾಗ ಅಬ್ಬಾಜಿ ಗುಡಿಸಿಲಿನ ಮುಂದೆ ಬಿದ್ದಿದ್ದರು, ಹರಿದ ಅಂಗಿಯಲ್ಲಿ. ಆರಿಸಲು ಎದ್ದೆ. ನಾನಿ ಬೇಡವೆಂದು ಕೈಯೆತ್ತಿದರು. ಪೂರ್ತಿ ನೋಡಿದರು.

"ಇದ್ರಲ್ಲೂ ನಗು ತೆಗ್ದಿದ್ರು. ಬಂದು ಹೇಳಿದ್ರು" ಎಂದರು. ಇನ್ನೊಂದು ಹಿಡಿ ಕಾಳು ತೆಗೆದುಕೊಂಡು ಮತ್ತೆ: "ಎಲ್ಲಾದ್ರಲ್ಲೂ ತೆಗೆದವ್ರೆ. ಕುಣಿಗಲ್ನಲ್ಲೂ. ನೀನೇ ನೋಡ್ಕಂಡ್ ಬಂದ್ಯಲ್ಲ."

ನಾನು ಕಾಳು ಹಿತುಕುತ್ತಿದ್ದೆ.

"ಸಿನಿಮಾದ್ ಸಾವೆಲ್ಲ ಅಲ್ಲಲ್ಲೇ ಕಳ್ದೋಯ್ತು ಕಣೇ. ಒಂದೂ ಮನೆಗ್ ಬರ್ಲಿಲ್ಲ. ಬಂದಿದ್ದು ನನ್ ಮಾತು. ಏಳ್ದಂಗೆ ಮಲಗ್ಬುಡ್ತೀರಾ ಅಂದ್ನಲ್ಲ, ಅವತ್ತು ಬೆಳಿಗ್ಗೆ. ಅದುಕ್ಕೆ ಯಾರ್ ನಗು ತೆಗೀತಾರೆ?" ಅವರ ಬೆರಳುಗಳು ನಿಂತಿರಲಿಲ್ಲ. "ಗುರುವಾರ ಅವತ್ತು. ಈ ನಾಲ್ಗೆಗೆ ಗುರುವಾರ ಅನ್ನ ನೀರು ಕೊಡಲ್ಲ ಅಂತ ಅವ್ರು ಹೋದಾಗಿಂದ ಹಿಡ್ದೆ."

ಹತ್ತು ವರ್ಷ. ನಾನು ಸಮಾಧಾನವೆಂದು ಉಳಿಸಿದ್ದ ಸುಳ್ಳು ಹತ್ತು ವರ್ಷದಿಂದ ಅವರ ವಿರುದ್ಧ ಸಾಕ್ಷಿಯಾಗಿ ನಿಂತಿತ್ತು. ನಗು ತೆಗೆದಾಗಿತ್ತು, ನಾನೇ ನೋಡಿ ಬಂದಿದ್ದೆ. ಆದ್ದರಿಂದ ಕೊಂದದ್ದು ಅವರ ಮಾತೇ. ಅವರ ಲೆಕ್ಕದಲ್ಲಿ ಬೇರೆ ದಾರಿ ಇರಲಿಲ್ಲ.

"ಅವರಿಗೆ ಬಿ.ಪಿ. ಇತ್ತು ನಾನಿ. ಮಾತ್ರೆ ಬಿಟ್ಟಿದ್ರು."

"ಬುಡು. ಡಾಕ್ಟ್ರು ಮಾತು ನಂಗ್ ಹೇಳ್ಬೇಡ."

"ನಾನಿ," ಎಂದೆ, "ಅವತ್ತು ಕ್ಯಾಮೆರಾದಲ್ಲಿ ಫಿಲ್ಮ್ ಇರಲಿಲ್ಲ."

ಅವರು ಅರ್ಥವಾಗದೆ ನೋಡಿದರು. ನಾನು ಎಲ್ಲವನ್ನೂ ಕ್ರಮವಾಗಿ ಹೇಳಿದೆ: ನೆಗೆಟಿವ್ ಮುಗಿದದ್ದು, ಮಂಜಣ್ಣ ಹೇಳಿದ್ದು, ಬರೀ ಸದ್ದು ಬಂದದ್ದು, ಅಬ್ಬಾಜಿ ಖಾಲಿ ಪೆಟ್ಟಿಗೆಗೆ ನಕ್ಕದ್ದು. ಹೇಳುವಾಗ ನನ್ನ ದನಿ ಪರೀಕ್ಷೆಯ ಉತ್ತರದ ಹಾಗೆ ಕೇಳಿಸುತ್ತಿತ್ತು. ಬೇರೆ ದನಿಯಲ್ಲಿ ಹೇಳಲು ನನಗೆ ಆಗುತ್ತಿರಲಿಲ್ಲ.

"ನಿಂಗ್ ಗೊತ್ತಿತ್ತಾ? ಬಾಗ್ಲಲ್ಲಿ ನಾನ್ ಕೇಳ್ದಾಗ?"

"ಗೊತ್ತಿತ್ತು."

ನಾನಿ ಕೈಯಲ್ಲಿದ್ದ ಕಾಳನ್ನು ಪಾತ್ರೆಗೆ ಹಾಕಿದರು. ನನ್ನನ್ನು ನೋಡುತ್ತಲೇ ಇದ್ದರು. ಅವರ ಹೆಗಲುಗಳು ನಿಧಾನವಾಗಿ ಕೆಳಗಿಳಿದದ್ದು ನನಗೆ ಕಾಣಿಸಿತು; ದೀರ್ಘವಾದ ಒಂದು ಉಸಿರು ಬಂತು, ನಡುವೆ ಎರಡು ಕಡೆ ತುಂಡಾಗಿ. ಅಳುತ್ತಾರೆ ಎಂದುಕೊಂಡೆ. ಅಳಲಿಲ್ಲ.

"ಅವತ್ತೇ ಹೇಳಿದ್ರೆ," ಎಂದರು, ಸಿಟ್ಟಿಲ್ಲದೆ, ದಾರಿ ತಪ್ಪಿದವರಿಗೆ ದಾರಿ ಹೇಳುವ ಹಾಗೆ, "ಮಾರ್ನೇ ದಿನ ನಾನೇ ಅವ್ರುನ್ನ ಎಳ್ಕಂಡ್ ಹೋಗ್ತಿದ್ನಲ್ಲೇ ಬೆಂಗ್ಳೂರಿಗೆ. ಸಿನಿಮಾದವ್ರು ಆಗಲ್ಲ ಅಂದಿದ್ರೆ ಇಲ್ಲೇ ಫೋಟೊ ಸ್ಟುಡಿಯೋದಾಗಾದ್ರೂ ಕೂರುಸ್ತಿದ್ದೆ. ಒಂದ್ ಗಳಿಗೆ ಕೆಲ್ಸ. ಇವತ್ತೂ ಇದ್ದಿರೋರು."

ಇಷ್ಟೇ ಅಂದರು. ಪಾತ್ರೆ ಎತ್ತಿಕೊಂಡು ಒಳಗೆ ಹೋದರು. ಅಮ್ಮಿ ಬಂದರು, ಹಿತಕಿದ ಬೇಳೆ ಸಾರಾಯಿತು, ಊಟವಾಯಿತು. ನಾನಿ ಎರಡು ಸಲ ಬಡಿಸಿಕೊಂಡರು. ನೆರೆಮನೆಯವರ ಹೊಸ ಸೊಸೆಯ ಬಗ್ಗೆ ಅಮ್ಮಿಯ ಜೊತೆ ಏನೋ ಮಾತಾಡಿದರು, ಆ ಮನೆಯಲ್ಲಿ ನಾನು ಮರೆತೇಹೋಗಿದ್ದ ದನಿಯಲ್ಲಿ. ಅಮ್ಮಿ ಆಶ್ಚರ್ಯದಿಂದ ನನ್ನ ಮುಖ ನೋಡಿದರು. ನಾನಿ ನನ್ನ ಕಡೆ ನೋಡಲಿಲ್ಲ.

ಮರುದಿನ ಗುರುವಾರ. ಎಂದಿನಂತೆ ಕತ್ತಲಿರುವಾಗಲೇ ಎದ್ದು ನಾನಿಗೆಂದು ಎರಡು ರಾಗಿರೊಟ್ಟಿ, ಉಳಿದ ಸಾರು ಬಿಸಿ ಮಾಡಿ ಕೋಣೆಯ ಬಾಗಿಲಿಗೆ ಹೋದೆ. ಅವರು ಎಚ್ಚರವಾಗಿದ್ದರು. ರಗ್ಗು ಎದೆಯವರೆಗೆ ಹೊದ್ದು ಅಂಗಾತ ಮಲಗಿದ್ದರು. "ಇವತ್ತಿಂದ ಬೇಡ" ಎಂದು ಗೋಡೆಯ ಕಡೆ ಹೊರಳಿದರು. ನಾನು ಅಡುಗೆಮನೆಗೆ ಮರಳಿ ದೀಪ ಹಾಕದೆ ನಿಂತುಕೊಂಡೇ ಆ ರೊಟ್ಟಿಗಳನ್ನು ತಿಂದೆ. ಎರಡು ಲೋಟ ನೀರು ಕುಡಿದೆ. ಅಜಾನ್ ಆಗುವಷ್ಟರಲ್ಲಿ ತಟ್ಟೆ ತೊಳೆದಿಟ್ಟೆ. ಎಂಟು ಗಂಟೆಗೆ ನಾನಿ ಎದ್ದು ಬಂದು ಕಟ್ಟೆಯ ಮೇಲೆ ಕೂತರು. ಅಮ್ಮಿ ಕೆಲಸಕ್ಕೆ ಹೋಗಿಯಾಗಿತ್ತು. ನಾನು ಒಲೆ ಹಚ್ಚಿ ಅವರಿಗೆ ಚಾ ಮಾಡಿದೆ, ಒಂದೇ ಲೋಟ.